ಕಂಕಣದ ನೂಲು

ನಾನು ಕಥೆ ನೂಲುವವಳು. ನಗುವವರು ನಗಲಿ. ನಮ್ಮ ಯಡಿಯೂರಿನ ಪಕ್ಕದಲ್ಲಿ ಜಯನಗರ ಎಂದು ಸೈಟಿನ ಕಲ್ಲು ನೆಡುತ್ತಿದ್ದ ಕಾಲದಲ್ಲಿ, ಸುತ್ತಮುತ್ತ ಯಾರ ಮನೆಯಲ್ಲಿ ಮದುವೆಯಾದರೂ ಹೆಣ್ಣಿನ ಕಂಕಣದ ನೂಲು ಈ ಅಕ್ಕಯಮ್ಮನ ರಾಟೆಯಿಂದಲೇ ಹೋಗಬೇಕಿತ್ತು. ಹೆಣ್ಣಿನ ತಾಯಿ ಎದುರಿಗೆ ಕೂತು ಮನೆಯ ಕಥೆ ಹೇಳುತ್ತಾಳೆ, ನಾನು ಹತ್ತಿಯ ಹಂಜಿ ಹಿಡಿದು ನೂಲುತ್ತೇನೆ, ಮಾತು ಎಳೆಯೊಳಗೆ ಇಳಿಯುತ್ತದೆ. ಆ ಎಳೆಯನ್ನು ಕಿವಿಗೆ ಹಿಡಿದರೆ ಹೇಳಿದವಳ ದನಿಯೇ ಕೇಳುತ್ತದೆ. ಹೇಳಿದವಳಿಗೆ ಗೊತ್ತಿದ್ದರೂ ಇಲ್ಲದಿದ್ದರೂ, ಸುಳ್ಳು ಬಂದ ಕಡೆ ನೂಲು ಪಟ್ಟನೆ ಹರಿಯುತ್ತದೆ. ಅದಕ್ಕೇ ಬೀಗರಿಗೆ ನನ್ನ ನೂಲಿನ ಮೇಲೆ ಅಷ್ಟು ನಂಬಿಕೆ. ನನಗೂ ಅಷ್ಟೇ ಜಂಬ.

ಒಂದು ಬೆಳಿಗ್ಗೆ ಹಿಂದಿನ ಬೀದಿಯ ಗೌರಮ್ಮ ಬಂದಳು. ಅವಳ ಗಂಡ ಎಲ್ಲೋ ಅಣೆಕಟ್ಟೆ ಕೆಲಸಕ್ಕೆಂದು ಹೋದವನು, ಮಗಳು ಸಾಕಮ್ಮ ಚಿಕ್ಕವಳಿದ್ದಾಗಿನಿಂದ ಪತ್ತೆಯಿಲ್ಲ. ಅಲ್ಲೇ ಇನ್ನೊಬ್ಬಳನ್ನು ಇಟ್ಟುಕೊಂಡಿದ್ದಾನೆ ಎಂದು ಊರೆಲ್ಲ ಆಡಿಕೊಳ್ಳುತ್ತಿತ್ತು.

“ಅಕ್ಕಾ, ಬಿಳೇಕಹಳ್ಳಿಯೋರು ನಮ್ ಸಾಕೀನ ಒಪ್ಕೊಂಡವ್ರೆ,” ಎಂದಳು. “ಆದ್ರೆ ಅಪ್ಪ ಬಿಟ್ಟೋಡಿಹೋದ ಮನೆ ಹೆಣ್ಣು ಬೇಡ್ವಂತೆ. ನಮ್ಮನೆಯೋರು ತೀರ್ಕೊಂಡ್ರು ಅಂತ ಹೇಳ್ಬಿಟ್ಟಿದೀನಿ. ನಾಳೆ ಹುಡುಗನ ಅಜ್ಜಿ ನೂಲು ಕೇಳಕ್ಕೆ ಬರ್ತಾರೆ.”

ನನಗೆ ಪಿತ್ತ ನೆತ್ತಿಗೇರಿತು. “ಏನೇ ಗೌರಿ, ಬದುಕಿರೋ ಗಂಡನ್ನ ನನ್ ರಾಟೇಲಿ ಸಾಯಿಸಕ್ಕೆ ಬಂದಿದ್ಯಾ? ಹಣೇಲಿ ಕಾಸಗಲ ಕುಂಕುಮ ಬೇರೆ!”

“ಅವ್ರು ಬಂದಾಗ ಅಳಿಸ್ಕೋತೀನಿ, ಹೋದ್ಮೇಲೆ ಇಟ್ಕೋತೀನಿ. ಸಾಕಿಗೂ ಹೇಳಿದೀನಿ.”

“ಮುಚ್ಚು ಬಾಯಿ! ಕುಂಕುಮ ಏನು ಆಟದ ಸಾಮಾನಾ?”

ಅವಳು ಗೊಳೋ ಎಂದು ಅತ್ತಳು. ಬಂದ ಗಂಡುಗಳೆಲ್ಲ ಇದೇ ಮಾತು ಹೇಳಿ ಎದ್ದು ಹೋಗಿದ್ದರು. ಈ ಸಂಬಂಧವೂ ತಪ್ಪಿದರೆ ಸಾಕಿ ಮನೆಯಲ್ಲೇ ಉಳಿಯುತ್ತಾಳೆ ಎಂದು ನನ್ನ ಕಾಲು ಹಿಡಿದಳು. ನನ್ನ ಕೋಪಕ್ಕೆ ಆಯಸ್ಸು ಕಡಿಮೆ. “ಕೂತ್ಕೋ,” ಎಂದೆ. “ಹರಿದ್ರೆ ನನ್ನ ಬೈಬೇಡ. ಹೆಸರು ಹಿಡಿದು ಹೇಳ್ಬೇಕು, ನಮ್ಮನೆಯೋರು ಗಿಮ್ಮನೆಯೋರು ಅಂದ್ರೆ ನೂಲಿಗೆ ಗೊತ್ತಾಗಲ್ಲ.”

ಗಂಡನ ಹೆಸರನ್ನು ಅವಳು ಮದುವೆಯಾದಾಗಿನಿಂದ ಬಾಯಲ್ಲಿ ಆಡಿದವಳಲ್ಲ. ಸೆರಗು ಬಾಯಿಗೆ ಒತ್ತಿಕೊಂಡಳು, ತೆಗೆದಳು. ನಾನು ರಾಟೆ ತಿರುಗಿಸಿದೆ.

“ನನ್ ಗಂಡ ತಿಮ್ಮರಾಯಪ್ಪ ಜ್ವರ ಬಂದು...”

ಪಟ್! ಹರಿಯಿತು.

“ನೋಡಿದ್ಯಾ? ನಾನೇನ್ ಹೇಳ್ದೆ!” ಎಂದೆ. ನಿಜ ಹೇಳಬೇಕೆಂದರೆ ಗೆದ್ದ ಖುಷಿಯೇ ಆಯಿತು. ಆಶ್ಚರ್ಯವೆಂದರೆ ಅವಳ ಮುಖದಲ್ಲೂ ಒಂದು ಗೆಲುವು ಕಂಡಿತು.

“ಇನ್ನೊಂದೇ ಸಲ ಅಕ್ಕಾ. ಜ್ವರ ಗಿರ ಏನೂ ಬೇಡ.”

ಎಳೆ ಕೂಡಿಸಿ ಮತ್ತೆ ತಿರುಗಿಸಿದೆ. ಅವಳು ಕಣ್ಣು ಮುಚ್ಚಿಕೊಂಡು ಹೇಳಿದಳು: “ನನ್ ಗಂಡ ತಿಮ್ಮರಾಯಪ್ಪ ತೀರ್ಕೊಂಡ.”

ನೂಲು ಹರಿಯಲಿಲ್ಲ.

ನನ್ನ ಕೈ ತನ್ನಷ್ಟಕ್ಕೆ ತಿರುಗಿಸುತ್ತಲೇ ಇತ್ತು. ಎಳೆ ಸಣ್ಣಗೆ, ಗಟ್ಟಿಯಾಗಿ ಬರುತ್ತಲೇ ಇತ್ತು. ಗೌರಮ್ಮ ಕಣ್ಣು ಬಿಟ್ಟಳು. ನೂಲನ್ನು ನೋಡಿದಳು, ನನ್ನನ್ನು ನೋಡಿದಳು.

“ಯಾಕಕ್ಕಾ ಹರೀಲಿಲ್ಲ?”

ಅಯ್ಯೋ ಶಿವನೇ, ನಾನು ಏನೆಂದು ಹೇಳಲಿ? ಅವಳು ಅದನ್ನೇ ಮತ್ತೆ ಹೇಳಿದಳು, ಜೋರಾಗಿ, ಹರಿಯಲಿ ಎಂಬಂತೆ. ಹರಿಯಲಿಲ್ಲ. ನಾನು ರಾಟೆ ನಿಲ್ಲಿಸಹೋದೆ. ಅವಳು ನನ್ನ ಕೈ ಹಿಡಿದುಕೊಂಡಳು.

“ನಿಲ್ಲಿಸ್ಬೇಡಿ. ಒಂದು ಮಾತು ಕೇಳ್ಬೇಕು.” ಆಮೇಲೆ ನೂಲಿನ ಹತ್ತಿರ ಬಗ್ಗಿ, ಮಗುವಿನ ಕಿವಿಯಲ್ಲಿ ಹೇಳುವ ಹಾಗೆ ಹೇಳಿದಳು: “ತಿಮ್ಮರಾಯಪ್ಪ ನಮ್ಮನ್ನ ಬಿಟ್ಟೋಗಿರಲಿಲ್ಲ. ವಾಪಸ್ ಬರ್ಬೇಕು ಅಂತಾನೇ ಇದ್ದ.”

ನಾನು ಉಸಿರು ಹಿಡಿದು ತಿರುಗಿಸಿದೆ. ಹರಿಯಬೇಡ ತಾಯಿ ಎಂದು ನೂಲಿಗೆ ಮನಸ್ಸಿನಲ್ಲೇ ಕೈಮುಗಿದದ್ದು ಜನ್ಮದಲ್ಲಿ ಅದೊಂದೇ ಸಲ. ಎಳೆ ಹಾಗೇ ಬಂತು, ಕದಿರಿಗೆ ಸುತ್ತಿಕೊಂಡಿತು.

ಗೌರಮ್ಮ ರಾಟೆಯ ಮೇಲೆ ತಲೆಯಿಟ್ಟು ಬಹಳ ಹೊತ್ತು ಅತ್ತಳು. ನಾನೂ ಅತ್ತೆ. ಏಳುವಾಗ ಹೇಳಿದಳು, “ಮದುವೆ ಮುಗಿಯೋವರ್ಗೂ ಸಾಕಿಗೆ ಗೊತ್ತಾಗ್ಬಾರ್ದು. ಅಪ್ಪ ಧಾರೆಗಾದ್ರೂ ಬರ್ತಾನೆ ಅಂತ ಕಾಯ್ತಾ ಅವಳೆ.”

ಮಾರನೆಯ ದಿನ ಗೌರಮ್ಮನ ಮನೆಗೆ ನೂಲು ಕೊಂಡುಹೋದೆ. ಹುಡುಗನ ಅಜ್ಜಿ ಕಿವಿಗೆ ಹಿಡಿದು ಕೇಳಿ, ಕಣ್ಣೊರೆಸಿಕೊಂಡು, ಬರಿಯ ಹಣೆಯಲ್ಲಿ ನಿಂತಿದ್ದ ಗೌರಮ್ಮನ ಕೈ ಹಿಡಿದಳು. ತಾಂಬೂಲ ಬದಲಾಯಿತು. ಬೀಗರ ಗಾಡಿ ಬೀದಿ ತಿರುಗಿದ್ದೇ ತಡ, ಸಾಕಿ ನಗುತ್ತಾ ನನ್ನ ಹತ್ತಿರ ಬಂದಳು.

“ಏನಜ್ಜಿ, ನನ್ ನೂಲು ಸುಳ್ಳು ಹೇಳಲ್ಲ ಅಂತ ಊರ್ ತುಂಬಾ ಹೇಳ್ಕೊಂಡ್ ಬರ್ತಿದ್ರಿ! ಹೆಂಗ್ ನೂಲಿದ್ರಿ?”

ಬೇರೆ ಯಾರಾದರೂ ಈ ಮಾತು ಆಡಿದ್ದರೆ ಗ್ರಹಚಾರ ಬಿಡಿಸುತ್ತಿದ್ದೆ. “ಹೂಂ ಕಣೇ,” ಎಂದೆ. “ವಯಸ್ಸಾಯ್ತು. ನಿನಗೋಸ್ಕರ ಒಂದು ಸುಳ್ಳು ನೂಲ್ಬಿಟ್ಟೆ.”

ಅವಳು ನನ್ನನ್ನು ತಬ್ಬಿಕೊಂಡಳು. ಆಮೇಲೆ ಗೂಡಿನಿಂದ ಕುಂಕುಮದ ಭರಣಿ ತಂದು ಮುಚ್ಚಳ ತೆಗೆದು ತಾಯಿಯ ಮುಂದೆ ಹಿಡಿದಳು.

“ಅವ್ರು ಹೋದ್ರಲ್ಲಮ್ಮ, ಬೇಗ ಇಟ್ಕೋ. ಅಪ್ಪಂಗೆ ಕೆಟ್ಟದ್ದು.”

ಗೌರಮ್ಮ ನನ್ನ ಕಡೆ ನೋಡಲಿಲ್ಲ. ಬೆರಳು ಅದ್ದಿ, ಮಗಳು ನೋಡುತ್ತಿದ್ದಂತೆ, ಹಣೆಗೆ ಇಟ್ಟುಕೊಂಡಳು.