ವಿನೆಗರ್ ಮನೆಯ ಹುಡುಗಿ

ಸೌದಾಮಿನಿಗೆ ಅಮೆರಿಕದಲ್ಲಿ ಕೆಲಸ ಮಾಡುವ ವೀಸಾ ಇರಲಿಲ್ಲ, ಸುಮ್ಮನೆ ಕೂರುವ ಜಾಯಮಾನವಂತೂ ಮೊದಲೇ ಇರಲಿಲ್ಲ. ಮೌಂಟನ್ ವ್ಯೂನಲ್ಲಿ ಎಲ್ಲರೂ ಡಾಟ್‌ಕಾಮು, ಶೇರು ಎಂದು ಕುಣಿಯುತ್ತಿದ್ದ ಆ ವರ್ಷ ಅವಳ ಕುತೂಹಲವೆಲ್ಲ ಪಕ್ಕದ ಅಪಾರ್ಟ್‌ಮೆಂಟಿನ ಮುದುಕಿ ರೋಸಿನಾಳ ಮೇಲೆ. ಒಂದು ದಿನ ಮುದುಕಿಯೇ ಬಾಯಿಬಿಟ್ಟಳು: “ನಿನಗೆ ಇಂಟರ್ನೆಟ್ಟು ಗೊತ್ತಲ್ಲ, ನನ್ನ ತಂಗೀನ ಹುಡುಕಿಕೊಡ್ತೀಯಾ?”

ತಂಗಿ ಎಲ್ಲಿ ಕಳೆದುಹೋದಳು ಎಂದು ಕೇಳಿದ್ದೇ ತಡ, ಮುದುಕಿಯ ಹುಟ್ಟೂರಿನ ಇಡೀ ಕಥೆ ಬಿಚ್ಚಿಕೊಂಡಿತು. ಇನ್ನೂರು ವರ್ಷಗಳ ಹಿಂದೆ ಜರ್ಮನ್ ರೈತರು ದೋಣಿಗಳಲ್ಲಿ ಡ್ಯಾನ್ಯೂಬ್ ನದಿ ಇಳಿದು ಬಂದು, ಜೌಗು ನೆಲಕ್ಕೆ ಕಾಲುವೆ ತೋಡಿ ಕಟ್ಟಿದ ಊರದು. ಮೊದಲ ಮಹಾಯುದ್ಧ ಮುಗಿದ ಮೇಲೆ ಎಲ್ಲೋ ಕೂತ ದೊಡ್ಡವರು ನಕ್ಷೆಯ ಮೇಲೊಂದು ಗೆರೆ ಎಳೆದರು. ಮನೆಗಳು ಯುಗೊಸ್ಲಾವಿಯದ ಪಾಲಾದವು, ಊರ ಹಿಂದಿನ ಸ್ಮಶಾನ ಹಂಗೇರಿಯ ಪಾಲಾಯಿತು.

“ಅಂದ್ರೆ ಹೆಣ ಹೂಳ್ಲಿಕ್ಕೂ ಫಾರಿನ್ನಿಗೆ ಹೋಗ್ಬೇಕಿತ್ತಾ ಆಂಟಿ?”

“ಹೂಂ. ಸತ್ತವರಿಗೆ ಪರವಾನಗಿ ಬೇಡ, ಅಳೋಕೆ ಹೋಗುವವರಿಗೆ ಬೇಕಿತ್ತು.”

ಎರಡನೆಯ ಯುದ್ಧದ ಕೊನೆಗೆ ಜರ್ಮನರನ್ನು ಊರಿನಿಂದ ಹೊರದಬ್ಬಿದಾಗ ರೋಸಿನಾಳಿಗೆ ಹದಿನೇಳು. ಆರು ವರ್ಷದ ತಂಗಿ ಲೇನಿಗೆ ಮೈ ಸುಡುವ ಜ್ವರ. ಗಡಿಯಾಚೆ ಸ್ಮಶಾನ ಕಾಯುತ್ತಿದ್ದ ಹಂಗೇರಿಯ ಹೆಂಗಸಿನ ಕೈಗೆ ಮಗುವನ್ನಿತ್ತು, ಬೇಗ ಬಂದು ಕರೆದೊಯ್ಯುತ್ತೇವೆ ಎಂದಿದ್ದಳು ತಾಯಿ. ಆಮೇಲೆ ಗಡಿಗೆ ಮುಳ್ಳುತಂತಿ ಬಿತ್ತು, ತಾಯಿ ಕೊರಗಿ ಕೊರಗಿ ಸತ್ತಳು. ತಾಯಿ ಕೊಟ್ಟ ಆ ಮಾತು ರೋಸಿನಾಳ ಎದೆಯಲ್ಲೇ ಉಳಿದಿತ್ತು.

ಅಂಥ ಊರುಗಳಿಂದ ಚದುರಿಹೋದವರು ಮಾತಾಡಿಕೊಳ್ಳುವ ಒಂದು ವೆಬ್‌ಸೈಟು ಸಿಕ್ಕಿತು. ಸೌದಾಮಿನಿ ಉತ್ಸಾಹದಿಂದ ‘ಲೇನಿ ವೇಬರ್’ ಎಂದು ಬರೆದು ಹಾಕಿದಳು. ಉತ್ತರಗಳೇನೋ ರಾಶಿ ಬಂದವು. ಆದರೆ ಆ ಊರಿನಲ್ಲಿ ಅರ್ಧಕ್ಕರ್ಧ ಜನ ವೇಬರುಗಳೇ, ಮನೆಗೊಬ್ಬಳು ಲೇನಿ! ರೋಸಿನಾ ಪೆಚ್ಚಾಗಿ ಕೂತಳು.

ಸೌದಾಮಿನಿಗೆ ಉಡುಪಿಯ ಹತ್ತಿರದ ತನ್ನೂರು ನೆನಪಾಯಿತು. ಅಲ್ಲಿ ಶೆಟ್ಟರೇ ಎಂದು ಕೂಗಿದರೆ ಬೀದಿಗೆ ಬೀದಿಯೇ ತಿರುಗಿ ನೋಡುತ್ತದೆ. ಅದಕ್ಕೇ ಮೊದಲು ಕೇಳುವುದು ಮನೆಯ ಹೆಸರನ್ನು.

“ಆಂಟಿ, ನಿಮ್ಮದು ಯಾವ ಮನೆ? ಊರಲ್ಲಿ ಏನಂತ ಕರೀತಿದ್ರು?”

ಮುದುಕಿಯ ಮುಖ ಕೆಂಪೇರಿತು. “ಅದೊಂದು ಬೇಡ.”

ಬೇಡ ಎಂದಮೇಲೆ ಸೌದಾಮಿನಿ ಬಿಡುತ್ತಾಳೆಯೇ? ಪೀಡಿಸಿ ಬಾಯಿ ಬಿಡಿಸಿದಳು. ಯಾವಾಗಲೋ ಒಂದು ಮದುವೆಯಲ್ಲಿ ಮುತ್ತಜ್ಜ ಹಂಚಿದ ದ್ರಾಕ್ಷಾರಸ ಹುಳಿಯಾಗಿತ್ತಂತೆ. ಅಂದಿನಿಂದ ಆ ಮನೆಗೆ ‘ಎಸ್ಸಿಗ್’, ಅಂದರೆ ವಿನೆಗರ್, ಎಂಬ ಹೆಸರು ಅಂಟಿತು. ಅಪ್ಪನ ಎದುರು ಹಾಗೆಂದವರು ಏಟು ತಿನ್ನದೆ ಹೋದದ್ದಿಲ್ಲ. ಇಷ್ಟು ವರ್ಷ ತಂಗಿಯನ್ನು ಹುಡುಕುವಾಗ ಮರ್ಯಾದೆಗಂಜಿ ರೋಸಿನಾ ಅದನ್ನು ಯಾರಿಗೂ ಹೇಳಿರಲಿಲ್ಲ.

“ಅಡ್ಡಹೆಸರು ಹಾಕಿದ್ರೆ ಯಾರು ಸಿಗ್ತಾರೆ ಮಾರಾಯ್ತಿ?” ಎಂದು ಗಂಡ ಉಲ್ಲಾಸ್ ನಕ್ಕ.

“ಬರೀ ಹೆಸರು ಹಾಕಿ ಯಾರು ಸಿಕ್ಕಿದ್ರು ಮಾರಾಯ್ರೆ?” ಎಂದು ಸೌದಾಮಿನಿ ಹಾಕಿಯೇಬಿಟ್ಟಳು.

ಕೆಲವು ವಾರಗಳ ನಂತರ ಹಂಗೇರಿಯಿಂದ ಒಬ್ಬ ಹುಡುಗಿ ಇಂಗ್ಲಿಷಿನಲ್ಲಿ ಬರೆದಳು: ಅಜ್ಜಿಗೆ ಜರ್ಮನ್ ಪೂರ್ತಿ ಮರೆತುಹೋಗಿದೆ. ಚಿಕ್ಕಂದಿನಲ್ಲಿ ಹೆಸರು ಕೇಳಿದವರಿಗೆಲ್ಲ ‘ಎಸ್ಸಿಗ್ ಲೇನಿ’ ಎನ್ನುತ್ತಿದ್ದಳಂತೆ. ಇಲ್ಲಿ ಯಾರಿಗೂ ಅದೇನೆಂದು ಗೊತ್ತಿಲ್ಲ. ಕೆಳಗೆ ಫೋನ್ ನಂಬರಿತ್ತು.

ನಂಬರು ಒತ್ತಿದ್ದು ಸೌದಾಮಿನಿ. ಸ್ಪೀಕರ್ ಹಾಕಿ ಫೋನನ್ನು ರೋಸಿನಾಳ ಮುಂದಿಟ್ಟಳು. ಆಚೆಯಿಂದ ಹಂಗೇರಿಯನ್ನಿನಲ್ಲಿ ಏನೋ ಮಾತು. ಈಚೆಯಿಂದ ಜರ್ಮನ್. ಒಬ್ಬರದು ಇನ್ನೊಬ್ಬರಿಗೆ ತಿಳಿಯಲಿಲ್ಲ. ಎಲ್ಲ ಮುಗಿಯಿತೇನೋ ಎಂದುಕೊಂಡಳು ಸೌದಾಮಿನಿ.

ಆಗ ರೋಸಿನಾ ಕಣ್ಣು ಮುಚ್ಚಿ ಮೆಲ್ಲಗೆ, “ಎಸ್ಸಿಗ್?” ಎಂದಳು.

“ಎಸ್ಸಿಗ್!” ಎಂದು ಆಚೆಯವಳು ಕಿರುಚಿದಳು. ಅಪ್ಪ ಕೇಳಿದರೆ ಸಹಿಸದಿದ್ದ ಆ ಹೆಸರನ್ನು ಅಕ್ಕತಂಗಿಯರು ಒಬ್ಬರಿಗೊಬ್ಬರು ಹೇಳುತ್ತಲೇ ಇದ್ದರು, ನಗುತ್ತಾ, ಅಳುತ್ತಾ.