ಉಗುರುಸುತ್ತು

“ಹೊಟ್ಟೆ ಮ್ಯಾಲೆ ಭಾರ ಹಾಕಬ್ಯಾಡ. ಹೆಗಲ ಹತ್ರ ಹಿಡಿ. ಮೆತ್ತಗೆ,” ಎಂದ ತೋಟಪ್ಪ.

ಅಕ್ಕನಾಗಮ್ಮ ಮೆತ್ತಗೇ ಹಿಡಿದಿದ್ದಳು. ವರಾಂಡದ ನೆಲದ ಮೇಲೆ ಗಂಡ ಹೆಂಡತಿ ಎದುರುಬದುರು ಕೂತಿದ್ದರು. ನಡುವೆ ಹಳೇ ಟವೆಲ್ಲಿನಲ್ಲಿ ಸುತ್ತಿದ ಹಸಿರು ಪ್ರಾಣಿ. ತೋಟಪ್ಪ ಅದರ ಮುಂಗಾಲನ್ನು ಬೆಳಗಿನ ಬಿಸಿಲಿಗೆ ಎತ್ತಿ, ಉಗುರಿನೊಳಗಿನ ರಕ್ತದ ಗೆರೆ ಎಲ್ಲಿಯವರೆಗೆ ಬಂದಿದೆ ಎಂದು ಕಣ್ಣು ಕಿರಿದು ಮಾಡಿ ನೋಡುತ್ತಿದ್ದ. ಗೆರೆಯಿಂದ ಆಚೆಯ ಮೊನೆಯನ್ನಷ್ಟೇ ಕತ್ತರಿಸಬೇಕು. ಕಟರ್ ಕಚ್ಚೆಂದು ಸದ್ದು ಮಾಡಿದ ಮೇಲೆ ಸಣ್ಣ ಅರದಿಂದ ತುದಿಯನ್ನು ಉಜ್ಜಬೇಕು. “ಆತಪ್ಪಾ, ಆತು. ಇನ್ನೊಂದು ಕಾಲು ಅಷ್ಟೇ. ಜಾಣ ನೀನು,” ಎಂದು ಅದರ ಗದ್ದದ ಕೆಳಗೆ ಜೋತುಬಿದ್ದ ಚರ್ಮವನ್ನು ಬೆರಳಿನಿಂದ ಸವರಿದ.

ಆ ದನಿ ಕೇಳಿದರೆ ಅಕ್ಕನಾಗಮ್ಮನಿಗೆ ಮೈ ಉರಿಯುತ್ತಿತ್ತು. ಗಂಡನ ಗಂಟಲಿನಲ್ಲಿ ಇಂಥದೊಂದು ದನಿ ಇದೆ ಎಂದು ಅವಳಿಗೆ ಗೊತ್ತಾದದ್ದೇ ಈ ಪ್ರಾಣಿ ಮನೆಗೆ ಬಂದ ಮೇಲೆ. ಮಗಳು ಅಂಕಿತಾ ಹುಟ್ಟಿದಾಗ ಕೂಡ ಅದು ಹೊರಬಂದಿರಲಿಲ್ಲ.

ತೋಟಪ್ಪನದು ಮಂಡಿಪೇಟೆಯಲ್ಲಿ ಮೆಕ್ಕೆಜೋಳದ ವ್ಯಾಪಾರ. ಮೂರು ವರ್ಷದ ಹಿಂದೆ ಮುಂಬಯಿಯ ವ್ಯಾಪಾರಿಯೊಬ್ಬ ಬೂಟಿನ ಡಬ್ಬಿಯಲ್ಲಿಟ್ಟು ಇದನ್ನು ತಂದುಕೊಟ್ಟಿದ್ದ. ಇಗ್ವಾನಾ ಅಂತ ಹೆಸರು, ಅಮೆರಿಕದ ಕಡೆಯದು ಎಂದಿದ್ದ. ಪಿ.ಜೆ. ಬಡಾವಣೆಯ ಜನ ಅದನ್ನು ಉಡ ಎಂದೇ ಕರೆದರು. ತೋಟಪ್ಪ ಪಚ್ಚಪ್ಪ ಎಂದ. ಅಂಗೈಯಷ್ಟಿದ್ದುದು ಬೆಳೆದು ಈಗ ಬಾಲ ಸೇರಿದರೆ ಅಂಕಿತಾಳ ಸೊಂಟದವರೆಗೆ ಬರುವಷ್ಟು ಉದ್ದವಾಗಿತ್ತು. ಚಳಿಗೆ ಅದಕ್ಕೆ ಬಲ್ಬಿನ ಶಾಖ, ಸ್ನಾನಕ್ಕೆ ಉಗುರುಬೆಚ್ಚಗಿನ ನೀರು. ಅಕ್ಕನಾಗಮ್ಮ ಲಿಂಗಪೂಜೆಗೆಂದು ಬೆಳೆಸಿದ ದಾಸವಾಳದಲ್ಲಿ ದೊಡ್ಡ ಹೂವೆಲ್ಲ ಅದರ ಬಾಯಿಗೆ, ಉಳಿದ ಮೊಗ್ಗು ದೇವರಿಗೆ. ಉಗುರು ಬೆಳೆದರೆ ಪರದೆಗೆ ಸಿಕ್ಕಿ ಬೆರಳೇ ಕಿತ್ತು ಬರುತ್ತದಂತೆ. ಅದಕ್ಕೇ ವಾರ ಬಿಟ್ಟು ವಾರ ಭಾನುವಾರ ಈ ಕೆಲಸ. ಒಬ್ಬರಿಂದ ಆಗುವಂಥದ್ದಲ್ಲ. ಅಂಕಿತಾ ಹೆದರಿ ದೂರ ನಿಲ್ಲುತ್ತಿದ್ದಳು. ಹಾಗಾಗಿ ಹಿಡಿದುಕೊಳ್ಳುವವಳು ಅಕ್ಕನಾಗಮ್ಮನೇ.

ಆ ದಿನ ಅವಳು ಬಲಗಾಲನ್ನು ಮಡಚಲಾರದೆ ಮುಂದೆ ಚಾಚಿಕೊಂಡಿದ್ದಳು. ಸೀರೆಯ ಅಂಚಿನ ಕೆಳಗೆ ಹೆಬ್ಬೆರಳು ಬದನೆಕಾಯಿಯ ಬಣ್ಣಕ್ಕೆ ತಿರುಗಿ ಊದಿತ್ತು. ಉಗುರಿನ ಅಂಚು ಮಾಂಸದೊಳಗೆ ಹೂತುಕೊಂಡು ಸುತ್ತ ಕೀವು ಕಟ್ಟಿತ್ತು. ಮೈ ಬಂದ ಮೇಲೆ ಅವಳಿಗೆ ಬಗ್ಗಿ ತನ್ನ ಕಾಲುಗುರು ತೆಗೆದುಕೊಳ್ಳುವುದು ಕಷ್ಟವಾಗಿತ್ತು. ಕೈಗೆ ಎಟುಕಿದಷ್ಟು ಅಡ್ಡಾದಿಡ್ಡಿ ಕತ್ತರಿಸಿ ಬಿಡುತ್ತಿದ್ದಳು. ಸಾಲದ್ದಕ್ಕೆ ಸಕ್ಕರೆ ಕಾಯಿಲೆ. ಹೋದ ವಾರ ಊಟಕ್ಕೆ ಬಡಿಸುವಾಗ, “ಕಾಲಬೆರಳು ಯಾಕೋ ಬಾತೈತ್ರಿ,” ಎಂದಿದ್ದಳು. ತೋಟಪ್ಪ ಟೀವಿಯಿಂದ ಕಣ್ಣು ತೆಗೆಯದೆ, “ಅರಿಶಿಣ ಹಚ್ಚು,” ಎಂದಿದ್ದ.

ಹಿಂಗಾಲಿನ ಸರದಿ ಬಂದಾಗ ಪಚ್ಚಪ್ಪ ಒಮ್ಮೆಲೇ ಮೈ ಕೊಡವಿತು. ಟವೆಲ್ಲಿನಿಂದ ಹೊರಗಿದ್ದ ಬಾಲ ಚಾಟಿಯ ಹಾಗೆ ಬೀಸಿ ನೇರ ಆ ಹೆಬ್ಬೆರಳಿಗೆ ಬಡಿಯಿತು. ಅಕ್ಕನಾಗಮ್ಮನ ಕಣ್ಣು ಕತ್ತಲಿಟ್ಟಿತು. ಕೈ ಸಡಿಲಾಯಿತು. ಕಟರ್ ಗೆರೆ ದಾಟಿ ಒಳಗೆ ಹೋಯಿತು. ಉಗುರಿನ ಬುಡದಿಂದ ರಕ್ತ ಹನಿಹನಿಯಾಗಿ ಟವೆಲ್ಲಿಗೆ ಇಳಿಯತೊಡಗಿತು.

“ಕೈಯಾಗೆ ಜೀವ ಇಲ್ಲೇನು ನಿಂಗೆ?” ತೋಟಪ್ಪ ಕೂಗಿದ. “ಹಿಡ್ಕೊಳ್ಳೋದೊಂದು ಕೆಲಸ, ಅದೂ ಆಗಂಗಿಲ್ಲ. ಮೂಕಪ್ರಾಣಿ, ಎಷ್ಟು ನೋವಾಗಿರಬೇಕು ಅದಕ್ಕೆ.”

ಒಳಗೆ ಓಡಿ ಮೈದಾ ಹಿಟ್ಟು ತಂದು ಗಾಯಕ್ಕೆ ಒತ್ತಿದ. ರಕ್ತ ನಿಲ್ಲಲಿಲ್ಲ. ಪ್ರಾಣಿಯನ್ನು ಎದೆಗೆ ಅವುಚಿಕೊಂಡು, ಬನಿಯನ್ನಿನ ಮೇಲೆ ಅಂಗಿಯನ್ನೂ ತೊಡದೆ ರಸ್ತೆಗಿಳಿದು ಆಟೋ ಕೂಗಿದ. ದನದ ದವಾಖಾನೆಗೆ ನಡಿ ಎಂದು ಹೇಳಿದ್ದು ಅವಳಿಗೆ ಕೇಳಿಸಿತು.

ಅಕ್ಕನಾಗಮ್ಮ ಸೀರೆಯ ಅಂಚು ಸರಿಸಿ ನೋಡಿದಳು. ಕೀವು ಒಡೆದಿತ್ತು. ರಕ್ತವೂ ಕೀವೂ ಕಲೆತು ಗಾರೆ ನೆಲದ ಮೇಲೆ ಹರಿದಿತ್ತು. ಆ ಹೊತ್ತಿಗೆ ಅವಳಿಗೆ ನೋವಿಗಿಂತ ಹೆಚ್ಚಾಗಿ ಆದದ್ದು ಸಿಟ್ಟು. ಅಳು ಬರಬಹುದೆಂದು ಕಾದಳು. ಬರಲಿಲ್ಲ. ಗೋಡೆ ಹಿಡಿದು ಎದ್ದು, ಬೆರಳಿಗೆ ಹಳೇ ಕರವಸ್ತ್ರ ಸುತ್ತಿ, ಓದುತ್ತಿದ್ದ ಮಗಳಿಗೆ, “ಡಾಕ್ಟ್ರ ಹತ್ರ ಹೋಗ್ತೀನಿ,” ಎಂದು ಹೇಳಿ ಹೊರಟಳು.

ಎರಡು ಓಣಿ ಆಚೆ ಶಿವಯೋಗಪ್ಪ ಡಾಕ್ಟರ ಕ್ಲಿನಿಕ್ಕು. ಭಾನುವಾರ ಮಧ್ಯಾಹ್ನದವರೆಗೆ ತೆರೆದಿರುತ್ತಿತ್ತು. ಅವರು ಕರವಸ್ತ್ರ ಬಿಚ್ಚಿ ನೋಡಿದವರು ಮುಖ ಗಂಟಿಕ್ಕಿದರು.

“ಸಕ್ಕರೆ ಇದ್ದೋರು ಹಿಂಗ ಬಿಡ್ತಾರೇನ್ರಿ? ಇನ್ನೊಂದು ವಾರ ಬಿಟ್ಟಿದ್ರೆ ಬೆರಳೇ ತೆಗೀಬೇಕಾಗ್ತಿತ್ತು. ಈಗ ಉಗುರು ತೆಗೀಬೇಕು. ಜೊತೆಗೆ ಯಾರು ಬಂದಾರೆ?”

“ಯಾರಿಲ್ಲ.”

“ಯಜಮಾನ್ರು?”

“ಉಡದ ಉಗುರಿಗೆ ಔಷಧಿ ಹಾಕ್ಸಾಕೆ ಹೋಗ್ಯಾರೆ.”

ಡಾಕ್ಟರು ನಗಲು ಹೊರಟವರು ಅವಳ ಮುಖ ನೋಡಿ ತಡೆದರು. ಇಂಜೆಕ್ಷನ್ ಕೊಟ್ಟು, ಬೆರಳು ಮರಗಟ್ಟಿದ ಮೇಲೆ ಉಗುರು ಎಬ್ಬಿಸಿದರು. ಅಕ್ಕನಾಗಮ್ಮ ಮುಖ ತಿರುಗಿಸಿಕೊಳ್ಳದೆ ನೋಡುತ್ತಲೇ ಇದ್ದಳು. ನೀರು ತಾಗಿಸಬೇಡಿ, ಕಾಲು ಮೇಲಿಟ್ಟು ಮಲಗಿ, ನಡುವೆ ಯಾರಾದರೂ ನರ್ಸ್ ಹತ್ತಿರ ಪಟ್ಟಿ ಬದಲಾಯಿಸಿಕೊಳ್ಳಿ, ಹದಿನೈದು ದಿನ ಬಿಟ್ಟು ಸೋಮವಾರ ಬಂದು ನನಗೆ ತೋರಿಸಿ ಎಂದರು ಡಾಕ್ಟರು.

ಹೊರಗೆ ಬಂದು ಆಟೋ ಹತ್ತಿದಳು. ಮನೆಗೆ ಎಂದು ಹೇಳಬೇಕಾದವಳ ಬಾಯಿಂದ, “ಬಸ್ ಸ್ಟ್ಯಾಂಡಿಗೆ ನಡೀಯಪ್ಪ,” ಎಂದು ಬಂತು.

ಹರಿಹರದಲ್ಲಿ ತಮ್ಮ ಬಕ್ಕೇಶನ ಮನೆ. ಅಕ್ಕ ಕುಂಟುತ್ತ ಬಂದದ್ದು ನೋಡಿ ಅವನ ಹೆಂಡತಿ ಪೂಜಾ ಏನೂ ಕೇಳಲಿಲ್ಲ. ದಿಂಬು ತಂದು ಕಾಲಿನ ಕೆಳಗೆ ಇಟ್ಟಳು. ಆ ಒಂದು ದಿಂಬಿಗೆ ಅಕ್ಕನಾಗಮ್ಮನ ಕಣ್ಣಲ್ಲಿ ಬೆಳಗ್ಗೆ ಬಾರದಿದ್ದ ನೀರು ಬಂತು.

ಅಕ್ಕ ಇಲ್ಲಿದ್ದಾಳೆಂದು ಬಕ್ಕೇಶ ಅಂಕಿತಾಗೆ ತಿಳಿಸಿದ್ದ. ಸಂಜೆ ತೋಟಪ್ಪ ಫೋನ್ ಮಾಡಿದ. “ಡಾಕ್ಟ್ರ ಹತ್ರ ಹೋಗ್ತೀನಂದು ಹರಿಹರಕ್ಕೆ ಹೋಗೀಯಂತಲ್ಲ. ಎರಡು ಮಾತು ಅಂದಿದ್ದಕ್ಕೆ ಇಷ್ಟು ಸಿಟ್ಟಾ? ಇಲ್ಲಿ ಅಡಿಗಿ ಇಲ್ಲ, ಏನಿಲ್ಲ. ಪಚ್ಚಪ್ಪಗೆ ರಕ್ತ ನಿಂತೈತೆ. ನೀನು ಅದನ್ನೂ ಕೇಳಲಿಲ್ಲ.”

ಯಾಕೆ ಡಾಕ್ಟರ ಹತ್ತಿರ ಹೋಗಿದ್ದೆ ಎಂದು ಕೇಳುತ್ತಾನೇನೋ ಎಂದು ಅವಳು ಒಂದು ಕ್ಷಣ ಕಾದಳು. ಅವನು ಅನ್ನದ ಕುಕ್ಕರಿಗೆ ನೀರು ಎಷ್ಟು ಹಾಕಬೇಕು ಎಂದು ಕೇಳಿದ. ಅವಳು ಫೋನ್ ಇಟ್ಟಳು. ಬಕ್ಕೇಶ ಕಾಲಿನ ವಿಷಯ ತಾನು ಭಾವನಿಗೆ ತಿಳಿಸುತ್ತೇನೆ ಎಂದಾಗ, “ಯಾರೂ ಹೇಳಬ್ಯಾಡ್ರಿ. ಅವರ ಕಣ್ಣಿಗೆ ಕಾಣಬೇಕು,” ಎಂದಳು. ಅಂಕಿತಾ ಫೋನ್ ಮಾಡಿದಾಗಲೂ ಕಾಲಿನ ಮಾತು ಎತ್ತಲಿಲ್ಲ.

ಎರಡನೆಯ ಶನಿವಾರ ತೋಟಪ್ಪ ತಾನೇ ಬಂದ. ಕೈಯಲ್ಲಿ ಮುಚ್ಚಳದ ಬಿದಿರು ಬುಟ್ಟಿ. ಬಸ್ಸಿನಲ್ಲಿ ಜನ ಕೂಗಾಡಿದ್ದರಂತೆ, ಕಂಡಕ್ಟರು ಬುಟ್ಟಿಯನ್ನು ಹಿಂದಿನ ಸೀಟಿಗೆ ಕಳಿಸಿದ್ದನಂತೆ. ಅದನ್ನು ಹೇಳಿ ಮುಗಿಸಿ, “ನೋಡು, ಉಗುರು ಹೆಂಗೆ ಬೆಳೆದಾವೆ. ಪರದೆಗೆ ಸಿಕ್ಕಂಡು ಒಂದು ಬೆರಳು ಹರಿದೈತೆ. ಒಬ್ನೇ ಎರಡು ಸಲ ನೋಡಿದೆ, ಆಗಲಿಲ್ಲ. ಒಂದೀಟು ಹಿಡ್ಕೋ ಬಾ,” ಎಂದ.

ಅಕ್ಕನಾಗಮ್ಮ ಕುರ್ಚಿಯಲ್ಲಿ ಕೂತಿದ್ದಳು. ಅವನು ಬಂದದ್ದು ಇದಕ್ಕೆ. ಹಿಡಿದುಕೊಳ್ಳಲು ಎರಡು ಕೈ ಬೇಕು ಎಂಬುದಕ್ಕೆ. ಬುಟ್ಟಿಯನ್ನು ಒದ್ದು ಅಂಗಳಕ್ಕೆ ಉರುಳಿಸಬೇಕೆನ್ನಿಸಿತು. ಆದರೆ ಮುಚ್ಚಳ ತೆಗೆದಾಗ ಆ ಪ್ರಾಣಿ ಹರಿದ ಬೆರಳನ್ನು ನೆಲಕ್ಕೆ ತಾಗಿಸದೆ ಎತ್ತಿ ಹಿಡಿದು ನಿಂತಿತ್ತು. ಅದು ಅವಳಿಗೆ ಏನು ಮಾಡಿತ್ತು? “ಟವೆಲ್ ಕೊಡ್ರಿ,” ಎಂದಳು.

ಪಡಸಾಲೆಯ ಬಾಗಿಲಿನ ಬೆಳಕಿಗೆ ಕೂತು ಕೆಲಸ ಮುಗಿಸಿದರು. ಕಟರ್ ಗೆರೆಯ ಹತ್ತಿರ ಬಂದಾಗ ಮಾತ್ರ ಅವಳು, “ಅಷ್ಟು ಒಳಗೆ ಬ್ಯಾಡ,” ಎಂದಳು. ಕೊನೆಯ ಉಗುರನ್ನು ಅರದಿಂದ ಉಜ್ಜಿ, ಬಿದ್ದ ಚೂರುಗಳನ್ನು ಆರಿಸಲು ಬಗ್ಗಿದಾಗ ತೋಟಪ್ಪನಿಗೆ ಅವಳ ಕಾಲು ಕಂಡಿತು. ಆ ಬೆಳಗ್ಗೆಯೇ ಪಕ್ಕದ ಓಣಿಯ ನರ್ಸ್ ಪಟ್ಟಿ ತೆಗೆದು ಗಾಳಿಗೆ ಬಿಟ್ಟಿದ್ದಳು. ಉಗುರಿರಬೇಕಾದ ಜಾಗದಲ್ಲಿ ಕೆಂಪಗಿನ ಹಸಿ ಮಾಂಸ.

“ಇದೇನಿದು?”

“ಉಗುರು ತೆಗೆಸೀನಿ.”

“ಯಾವಾಗ?”

“ನೀವು ಇದನ್ನ ಎತ್ಕಂಡು ಆಟೋ ಹತ್ತಿದ್ರಲ್ಲ, ಅವತ್ತೇ.”

“ನಂಗೆ ಒಂದು ಮಾತು ಹೇಳಬಾರದಾ?”

ಕೂಗಾಡಬಾರದು, ತಮ್ಮನ ಮನೆ ಎಂದು ಅವಳು ನಿರ್ಧರಿಸಿಕೊಂಡಿದ್ದಳು. ಆ ಮಾತು ಕೇಳಿದ ಮೇಲೆ ನಿರ್ಧಾರ ಉಳಿಯಲಿಲ್ಲ.

“ಹೇಳಿದ್ದೆ. ಊಟಕ್ಕೆ ನೀಡುವಾಗ ಹೇಳಿದ್ದೆ. ಟೀವಿ ನೋಡ್ಕಂತ ಅರಿಶಿಣ ಹಚ್ಚು ಅಂದ್ರಿ. ಆಮೇಲೆ ವಾರಪೂರ್ತಿ ಕುಂಟ್ಕಂತ ನಿಮ್ಮ ಮುಂದೇನೇ ಓಡಾಡಿದೆ. ನಿಮ್ಮ ಚಾ ಲೋಟ ಹಿಡ್ಕಂಡು ಕುಂಟಿದೆ. ಇದರ ಉಗುರು ಕೂದಲಷ್ಟು ಬೆಳೆದ್ರೆ ನಿಮಗೆ ಕಾಣ್ತೈತೆ, ನಾನು ಕುಂಟೋದು ಕಾಣಲಿಲ್ಲ. ಬೆರಳು ಹೋಗೋದಿತ್ತು ಅಂದ್ರು ಡಾಕ್ಟ್ರು. ಜೊತೆಗ್ಯಾರು ಬಂದಾರೆ ಅಂತ ಕೇಳಿದ್ರು. ನಾನು ಏನು ಹೇಳಬೇಕಿತ್ತು, ನೀವೇ ಹೇಳ್ರಿ. ಕೈಯಾಗೆ ಜೀವ ಇಲ್ಲೇನು ಅಂದ್ರಿ. ಕಾಲಾಗೆ ಇತ್ರಿ ಜೀವ. ಇದ್ದಿದ್ದಕ್ಕೇ ನೋವಾತು.”

ಒಳಗೆ ಪಾತ್ರೆಯ ಸದ್ದು ನಿಂತುಹೋಯಿತು. ತೋಟಪ್ಪನ ಕೈಯಲ್ಲಿ ಉಗುರಿನ ಚೂರುಗಳು ಹಾಗೇ ಇದ್ದವು. ಇನ್ನೊಂದು ಕೈಯನ್ನು ನಿಧಾನವಾಗಿ ಅವಳ ಪಾದದ ಕಡೆಗೆ ಚಾಚಿದ.

ಅವಳು ಕಾಲು ಹಿಂದಕ್ಕೆಳೆದುಕೊಂಡಳು. “ಮುಟ್ಟಬ್ಯಾಡ್ರಿ.”

ಅವನು ಕೈ ಹಿಂದೆ ತೆಗೆದ.

“ನಾಡಿದ್ದು ಸೋಮವಾರ ಡಾಕ್ಟ್ರು ಬರಾಕೆ ಹೇಳ್ಯಾರೆ. ನಾನೇ ಬಸ್ಸಿಗೆ ಬಂದು ತೋರಿಸ್ಕಂಡು ಇಲ್ಲಿಗೇ ವಾಪಸ್ ಬರ್ತೀನಿ. ಮನೆಗೆ ಬರೋದು ಯಾವಾಗ ಅಂತ ನಂಗೇ ಗೊತ್ತಿಲ್ಲ. ಕೇಳಬ್ಯಾಡ್ರಿ.”

ತೋಟಪ್ಪ ಊಟಕ್ಕೂ ನಿಲ್ಲದೆ ಬುಟ್ಟಿ ಎತ್ತಿಕೊಂಡು ಹೋದ.

ಸೋಮವಾರ ಅಕ್ಕನಾಗಮ್ಮ ಕ್ಲಿನಿಕ್ಕಿಗೆ ಬಂದಾಗ ಬಾಗಿಲಲ್ಲಿ ರೋಗಿಗಳ ಚಪ್ಪಲಿ ರಾಶಿ ಬಿದ್ದಿತ್ತು. ಒಳಗೆ ಬೆಂಚಿನ ತುದಿಯಲ್ಲಿ ತೋಟಪ್ಪ ಕೂತಿದ್ದ. ಸೋಮವಾರ ಮಂಡಿಗೆ ಹಳ್ಳಿಗಳಿಂದ ಗಾಡಿ ಬರುವ ದಿನ, ಅವನು ಜ್ವರ ಬಂದರೂ ಅಂಗಡಿ ತಪ್ಪಿಸುತ್ತಿರಲಿಲ್ಲ. ಅವಳನ್ನು ಕಂಡು ಸರಿದು ಜಾಗ ಮಾಡಿದ. ಅವಳು ಎದುರಿನ ಬೆಂಚಿನಲ್ಲಿ ಕೂತಳು. ಇಬ್ಬರ ನಡುವೆ ಜನ ಬಂದರು, ಹೋದರು. ಕಾಂಪೌಂಡರ್ ಹೆಸರು ಕರೆದಾಗ ಅವನೂ ಎದ್ದು ನಿಂತ. ಬನ್ನಿ ಎಂದಾಗಲಿ ಬೇಡ ಎಂದಾಗಲಿ ಅವಳು ಹೇಳಲಿಲ್ಲ. ಅವನು ಹಿಂದೆ ಬಂದು ಗೋಡೆಗೆ ಒರಗಿ ನಿಂತ. ಡಾಕ್ಟರು ಗಾಯ ಒತ್ತಿ ನೋಡಿದಾಗ ಅವಳು ಹಲ್ಲು ಕಚ್ಚಿದಳು. ಅವನು ಅದನ್ನು ನೋಡಿದ. ಹೊಸ ಉಗುರು ಬರಲು ತಿಂಗಳುಗಟ್ಟಲೆ ಬೇಕು, ಅಲ್ಲಿಯವರೆಗೆ ಜೋಪಾನ ಎಂದು ಡಾಕ್ಟರು ಅವಳಿಗೇ ಹೇಳಿದರು. ಅವನ ಕಡೆ ತಿರುಗಲಿಲ್ಲ.

ಔಷಧಿ ಚೀಟಿ ತೆಗೆದುಕೊಂಡು ಅವಳು ಬಾಗಿಲಿಗೆ ಬರುವಷ್ಟರಲ್ಲಿ ತೋಟಪ್ಪ ಮುಂದೆ ಹೋಗಿದ್ದ. ಯಾರ್ಯಾರೋ ತುಳಿದು ಚದುರಿದ ರಾಶಿಯಲ್ಲಿ ಬಗ್ಗಿ ಹುಡುಕುತ್ತಿದ್ದ. ಒಂದನ್ನು ಎತ್ತಿ ನೋಡಿ ಇಟ್ಟ, ಅದು ಅವಳದಲ್ಲ. ಇನ್ನೊಂದು ಎತ್ತಿದ, ಅದೂ ಅಲ್ಲ. ಮಂಡಿಪೇಟೆಯ ಪರಿಚಯದವರಿಬ್ಬರು ಒಳಗೆ ಬರುತ್ತ ಅವನನ್ನು ನೋಡಿ ಸುಮ್ಮನೆ ನಿಂತರು. ಅವಳು ತನ್ನ ಚಪ್ಪಲಿ ಯಾವುದೆಂದು ತೋರಿಸಲಿಲ್ಲ. ಬಾಗಿಲ ಚೌಕಟ್ಟು ಹಿಡಿದು ನಿಂತೇ ಇದ್ದಳು.

“ಹರಿಹರದ ಬಸ್ಸು ಹತ್ತಬೇಕು. ಹೊತ್ತಾಗ್ತೈತೆ,” ಎಂದಳು.

“ಸಿಕ್ತು, ನಿಲ್ಲು,” ಎಂದ ತೋಟಪ್ಪ. ಕಂದು ಪಟ್ಟಿಯ ಜೋಡನ್ನು ಅವಳ ಪಾದದ ಮುಂದೆ ತಂದಿಟ್ಟ. ಬಲಗಾಲಿನದರಲ್ಲಿ ಮಣ್ಣು ಕೂತಿತ್ತು. ಅದನ್ನು ಅಂಗೈಯಿಂದ ಒರೆಸಿದ. ಅವಳು ಎಡಗಾಲು ತೂರಿಸಿದಳು. ಆಮೇಲೆ ಬಲಗಾಲನ್ನು, ಬೆರಳು ತಾಗದಂತೆ, ನಿಧಾನವಾಗಿ.