ಎಂಟನೇ ತೊಟ್ಟಿಲು

"ಒಂದನೇದು ಆಯ್ತು. ಇನ್ನು ಎರಡನೇ ತೊಟ್ಟಿಲು ಕೆಳಗೆ ತಗೊಳ್ಳಿ," ಅಂದರು ಮಾವ.

ಚಹಾದ ಫ್ಲಾಸ್ಕ್ ಹಿಡಿದು ಬೇಲಿಯ ಹೊರಗೆ ನಿಂತಿದ್ದ ಸೊಸೆ ತಲೆಯೆತ್ತಿದಳು. ಜೈಂಟ್ ವೀಲಿನ ಹದಿನಾಲ್ಕು ತೊಟ್ಟಿಲುಗಳಲ್ಲಿ ಒಂದು ಆಗಲೇ ನೆಲದ ಮೇಲೆ ಕೂತಿತ್ತು. ಕೆಲಸದವರು ಚಕ್ರವನ್ನು ತುಸು ತಿರುಗಿಸಿ ಎರಡನೆಯದರ ನಟ್ಟಿಗೆ ಸ್ಪ್ಯಾನರ್ ಹಾಕಿದರು.

ಒಂದಾದ ಮೇಲೆ ಎರಡಲ್ಲ, ಎಂಟು. ಒಂದರ ಎದುರಿಗಿರುವುದು ಎಂಟು. ಒಂದು ಕಡೆಯ ಭಾರ ಇಳಿಸಿದರೆ ಎದುರು ಕಡೆಯದನ್ನೂ ಇಳಿಸಬೇಕು. ಇಲ್ಲವಾದರೆ ಮೇಲೆ ಉಳಿದ ಭಾರ ಚಕ್ರವನ್ನೇ ಎಳೆದುಕೊಂಡು ಕೆಳಗೆ ಬರುತ್ತದೆ. ವರ್ಷಕ್ಕೊಮ್ಮೆ ಬಣ್ಣ ಬಳಿಯಲು ತೊಟ್ಟಿಲು ಇಳಿಸುವಾಗ ಅವಳ ಗಂಡ ಇದನ್ನು ಮಗ್ಗಿಯ ಹಾಗೆ ಒಪ್ಪಿಸುತ್ತಿದ್ದ. ಮದುವೆಯಾದ ಹೊಸದರಲ್ಲಿ ಅವಳಿಗೂ ಕಲಿಸಿದ್ದ. "ಇಷ್ಟು ಓದಿದೋಳು, ಒಂದಾದ ಮೇಲೆ ಎರಡು ಅಂತೀಯಲ್ಲೇ! ನಿನ್ನ ಕಾಲೇಜಿಗಿಷ್ಟು ಬೆಂಕಿ ಹಾಕ!" ಎಂದು ನಕ್ಕಿದ್ದ. ಅವನಿಗೆ ಹೇಳಿಕೊಟ್ಟವರು ಮಾವನೇ.

ಈ ಪಾರ್ಕಿನಲ್ಲಿ ಚಕ್ರಗಳು ಬದಲಾಗಿದ್ದವು, ತಿರುಗಿಸುವ ಮನೆತನ ಬದಲಾಗಿರಲಿಲ್ಲ. ಮಾವನ ಅಪ್ಪ ನಾಲ್ಕು ಮರದ ತೊಟ್ಟಿಲುಗಳ ಚಕ್ರವನ್ನು ಕೈಯಲ್ಲೇ ತಿರುಗಿಸುತ್ತಿದ್ದರಂತೆ; ಅವರ ರಟ್ಟೆ ಸೋತರೆ ಆಟ ಮುಗಿಯಿತು. ಮಾವನ ಪ್ರಾಯದಲ್ಲಿ ಹಳೇ ಲಾರಿಯ ಎಂಜಿನ್ ಕಟ್ಟಿದ ಚಕ್ರ ಬಂತು. ಆಕಾಶ ನೋಡಲು ಹತ್ತಿದವರು ಹೊಗೆ ಕುಡಿದು ಇಳಿಯುತ್ತಿದ್ದರು. ಆಮೇಲೆ ಕರೆಂಟಿನ ಈ ಕಬ್ಬಿಣದ ಚಕ್ರ, ಮಾವ ತಾವು ನಡೆಸಿ ಮಗನ ಕೈಗೆ ಕೊಟ್ಟದ್ದು. ಇನ್ನು ಗಾಜಿನ ಗೂಡುಗಳದು ಬರುತ್ತದೆ. ಅದನ್ನು ನಡೆಸಲು ಕಂಪ್ಯೂಟರ್ ಬಲ್ಲವರು ಬೇಕಂತೆ. ಇದನ್ನು ಬಿಚ್ಚುವುದಕ್ಕೆ ಮಾತ್ರ ಹಳಬನೇ ಬೇಕಾದ.

"ಯಜಮಾನ್ರೇ, ಏನೋ ಕಿರ್ ಅಂತಿದೆ," ಮೇಸ್ತ್ರಿ ಕೂಗಿದ. "ಬ್ರೇಕೋ, ನಿಮ್ಮ ಮಂಡಿಯೋ?"

"ನನ್ನ ಮಂಡಿ ನಿನ್ನ ನಾಲಿಗೆಗಿಂತ ಗಟ್ಟಿ ಇದೆ. ನಟ್ಟು ಬಿಚ್ಚು."

ಚಕ್ರದ ಕಂಬಿಗಳ ಮೇಲೆ ಕೂತಿದ್ದ ಇಬ್ಬರು ಆಳುಗಳೂ ನಕ್ಕರು. ಎರಡನೇ ತೊಟ್ಟಿಲು ನೆಲ ಮುಟ್ಟಿತು. ಬ್ರೇಕು ಮತ್ತೆ ಕಿರುಗುಟ್ಟಿತು.

"ಇನ್ನು ಮೂರು," ಅಂದರು ಮಾವ.

ಮರೆತದ್ದಲ್ಲ ಎಂದು ಸೊಸೆಗೆ ಆಗ ತಿಳಿಯಿತು. ಐದು ತಿಂಗಳ ಹಿಂದಿನ ಮಧ್ಯಾಹ್ನ, ಊಟದ ಹೊತ್ತಿಗೆ ಗೇಟು ಹಾಕಿ, ಗಂಡ ಎಂದಿನಂತೆ ಎಂಟನೇ ತೊಟ್ಟಿಲಲ್ಲಿ ಮಲಗಿದ್ದ. ಬುತ್ತಿ ತಂದ ಮಾವ ಎರಡು ಸಲ ಕರೆದರು. ಅವನು ಮಿಸುಕಲಿಲ್ಲ. "ಕುಂಭಕರ್ಣ, ಮೇಲೆ ಹೋಗಿ ಬಿಸಿಲು ಕಾಯಿಸ್ಕೋ," ಎಂದು ಗುಂಡಿ ಒತ್ತಿ, ಮಗನನ್ನು ತುದಿಗೆ ಏರಿಸಿ, ಕೆಳಗೆ ಕೂತು ತಮ್ಮ ಪಾಲಿನದು ಉಂಡರು. ಅರ್ಧ ಗಂಟೆ ಬಿಟ್ಟು ಇಳಿಸಿದಾಗ ಅವನ ಕೈ ತಣ್ಣಗಿತ್ತು. ನಿದ್ದೆಯಲ್ಲೇ ಹೃದಯ ನಿಂತಿದೆ ಎಂದರು ಡಾಕ್ಟರು. ಯಾವಾಗ ನಿಂತಿತೆಂದು ಅವರಿಗೂ ಹೇಳಲಾಗಲಿಲ್ಲ. ಅಂದಿನಿಂದ ಮಾವ ಆ ತೊಟ್ಟಿಲಿನ ಕಡೆ ನೋಡಿಲ್ಲ.

ಅವಳು ಫ್ಲಾಸ್ಕ್ ಕೆಳಗಿಟ್ಟು ಬೇಲಿ ದಾಟಿದಳು.

"ಮಾವ, ನಿಲ್ಸಿ."

"ಚಹಾ ಆಮೇಲೆ, ತಾಯಿ."

"ಚಹಾ ಅಲ್ಲ. ಎಂಟನೇದು ಇಳಿಸಬೇಕು."

ಅವರು ಅವಳತ್ತ ತಿರುಗಲಿಲ್ಲ. "ಅದು ಕೊನೇಗಾಗ್ಲಿ."

"ಕೊನೇತನಕ ಬ್ರೇಕು ತಡೆಯಲ್ಲ." ಅವಳು ದನಿ ತಗ್ಗಿಸಿದಳು. "ಮೇಲೆ ಇಬ್ಬರಿದ್ದಾರೆ, ಮಾವ. ಅವರಿಗೂ ಮನೆ ಇದೆ."

ಮಾವ ಕತ್ತೆತ್ತಿದರು. ಆಳುಗಳನ್ನು ಆಗಷ್ಟೇ ಕಂಡವರಂತೆ ಅವರ ಬಾಯಿ ತೆರೆದುಕೊಂಡಿತು.

"ಇಳೀರೋ! ಇಬ್ಬರೂ ಇಳೀರಿ ಮೊದಲು!"

ಅವರು ಇಳಿಯುವವರೆಗೂ ಮಾವ ಬ್ರೇಕಿನ ಹಿಡಿಯನ್ನು ಎದೆಗೊತ್ತಿ ನಿಂತಿದ್ದರು. ಆಮೇಲೆ ಚಕ್ರ ತಿರುಗಿಸುವ ಹಸಿರು ಗುಂಡಿಯಿಂದ ದೂರ ಸರಿದರು.

"ಅದನ್ನ ನಾನು ಒತ್ತಲ್ಲ."

"ನಾನು ಒತ್ತುತೀನಿ."

ಒತ್ತಿದಳು. ಮೋಟಾರು ಗೊಣಗಿತು. ತುದಿಯ ಹತ್ತಿರವಿದ್ದ ಎಂಟನೇ ತೊಟ್ಟಿಲು ತೂಗಾಡುತ್ತ ಇಳಿಯತೊಡಗಿತು.

"ನಾನು ಮೇಲೆ ಕಳಿಸಿದಾಗ ಇದ್ದನಾ ಅವನು?" ಮಾವ ಮೆಲ್ಲಗೆ ಕೇಳಿದರು.

ಇರಲಿಲ್ಲ ಅನ್ನಬಹುದಿತ್ತು. ಅವರ ಸಮಾಧಾನಕ್ಕೂ ಗೊತ್ತಿಲ್ಲದ್ದನ್ನು ಹೇಳಲು ಅವಳಿಂದಾಗಲಿಲ್ಲ.

"ಗೊತ್ತಿಲ್ಲ, ಮಾವ. ನಾನಿದ್ದಿದ್ರೂ ಹಾಗೇ ಮಾಡ್ತಿದ್ದೆ."

ಮಾವ ತಲೆಯಾಡಿಸಿದರು. ತೊಟ್ಟಿಲು ಕೆಳಗೆ ಬಂತು. ಅದನ್ನು ನಿಲ್ಲಿಸಲು ಕಾಲು ಚಾಚಿದ ಮೇಸ್ತ್ರಿಯನ್ನು ಪಕ್ಕಕ್ಕೆ ಸರಿಸಿ, ಎರಡೂ ಕೈಯಿಂದ ತಾವೇ ಹಿಡಿದುಕೊಂಡರು. ಸ್ಪ್ಯಾನರ್ ಇಸಿದುಕೊಂಡು ನಟ್ಟುಗಳನ್ನೂ ತಾವೇ ಸಡಿಲಿಸಿದರು. ಇಳಿಸಲು ನಾಲ್ವರು ನಾಲ್ಕು ಮೂಲೆಗೆ ನಿಂತರು. ಒಂದು ಮೂಲೆಗೆ ಮಾವ.

"ಮೆಲ್ಲಗೆ ಕಣ್ರಪ್ಪಾ, ಮೆಲ್ಲಗೆ."

ಮೂರು ಮೂಲೆಗಳು ನೆಲಕ್ಕೆ ತಾಗಿದವು. ಉಳಿದ ಮೂವರು ಕೈ ಬಿಟ್ಟು, ಬೆನ್ನು ನೆಟ್ಟಗೆ ಮಾಡಿದರು. ನಾಲ್ಕನೆಯ ಮೂಲೆ ಮಾವನ ಕೈಯಲ್ಲೇ ಇತ್ತು.